ಉಸಿರುಬನ್ನು

ಕಂಕನಾಡಿಯ ಮನೆಗಳಲ್ಲಿ ಕ್ರಿಸ್ಮಸ್ಸಿನ ಹಿಂದಿನ ದಿನ ಉಸಿರುಬನ್ನು ಬೇಯಿಸುವುದು ಅಜ್ಜಿಯರ ಕಾಲದ ಕಟ್ಟಳೆ. ದೂರ ಇರುವವರ ಹೆಸರಿಗೆ ವರ್ಷಕ್ಕೆ ಒಂದೇ ಬನ್ನು. ಹಿಟ್ಟಿಗೆ ಸೋಡ ಹಾಕುವಂತಿಲ್ಲ, ಈಸ್ಟೂ ಕೂಡದು. ಆಸಾಮಿ ಬದುಕಿದ್ದರೆ ಅದು ತಾನಾಗಿ ಉಬ್ಬುತ್ತದೆ, ಸತ್ತಿದ್ದರೆ ಚಪ್ಪಟೆ. ಇದುವರೆಗೆ ಒಂದು ಬನ್ನೂ ಸುಳ್ಳು ಹೇಳಿದ್ದಿಲ್ಲ.

ಹಡಗಿನ ಕೆಲಸಕ್ಕೆ ಹೋದ ರೂಬನ್‌ನ ಸುದ್ದಿಯಿಲ್ಲದೆ ಎಂಟು ತಿಂಗಳು. ಅವನ ಹೆಂಡತಿ ಮೆಲಿಸಾಗೆ ದೇವರ ಮೇಲೂ ಸಿಟ್ಟು, ಹಿಟ್ಟಿನ ಮೇಲೂ ಸಿಟ್ಟು. ಬನ್ನು ಚಪ್ಪಟೆಯಾದರೆ ಅತ್ತೆ ಉರ್ಸುಲಾ ಅಲ್ಲೇ ಕುಸಿದಾಳೆಂದು, ಆಕೆ ಸ್ನಾನಕ್ಕೆ ಹೋದಾಗ ಒಂದು ಚಮಚ ಸೋಡ ಕಲಸಿಬಿಟ್ಟಳು.

ಓವನ್ ತೆರೆದರೆ ಬನ್ನು ಅಚ್ಚು ಮೀರಿ ಉಕ್ಕಿ ತಟ್ಟೆ ತುಂಬ ಹರಿದಿತ್ತು. ಬರೀ ಒಂದು ಚಮಚಕ್ಕೆ ಇಷ್ಟು ಉಕ್ಕುವುದುಂಟೇ? ಸೋಡದ ಜೊತೆ ಅವನ ಉಸಿರೂ ಸೇರಿದೆ, ಬದುಕಿದ್ದಾನೆ! ಮೆಲಿಸಾ ಕುಣಿಯುವಂತೆ ತಿರುಗಿದಳು. ಅತ್ತೆಯ ಮುಖ ಸುಣ್ಣದಂತೆ ಬಿಳಿಚಿತ್ತು.

“ನೀನೂ ಹಾಕಿದ್ದಾ ಮಾರಾಯ್ತಿ?” ಎಂದಳು ಉರ್ಸುಲಾ. “ಇನ್ನು ಬರುವ ಕ್ರಿಸ್ಮಸ್‌ವರೆಗೆ ನಮಗೆ ಎಂತ ಗೊತ್ತಾಗ್ತದೆ?”

ಕಾಂಪೌಂಡಿನ ಆಚೆಯಿಂದ ನೆರೆಮನೆಯವರು ಕೂಗಿ ಕೇಳಿದರು, “ಉಬ್ಬಿತಾ?”

“ಉಬ್ಬಿದೆ,” ಎಂದರು ಅತ್ತೆ ಸೊಸೆ, ಒಟ್ಟಿಗೇ.