‘ಆಮೇಲೆ?’ ಎನ್ನುತ್ತಿದ್ದ ನ್ಯಾಯಾಧೀಶರು

ಅವರಿಗೆ ಗದರಿಸಲು ಬರುತ್ತಿರಲಿಲ್ಲ, ಬರುತ್ತಿದ್ದದ್ದು ‘ಆಮೇಲೆ?’ ಎಂಬ ಒಂದೇ ಮಾತು. ತೊಡೆಯ ಮೇಲೆ ಕೂತು ಕಥೆ ಕೇಳುವ ಮಗುವಿನ ಹಾಗೆ, ಆ ಎತ್ತರದ ಕುರ್ಚಿಯಲ್ಲಿ ಗಲ್ಲಕ್ಕೆ ಕೈಕೊಟ್ಟು, ಎಡಭುಜದಿಂದ ಸದಾ ಜಾರುತ್ತಿದ್ದ ಕರಿ ಗೌನನ್ನು ಮೇಲಕ್ಕೆಳೆದುಕೊಳ್ಳುತ್ತಾ ಕೇಳುತ್ತಿದ್ದರು.

ನನ್ನ ಯಜಮಾನರು ಲಿಫ್ಟ್ ರಿಪೇರಿಯವರು. ಸರ್ಕಾರಿ ಕಟ್ಟಡವೊಂದರಲ್ಲಿ ಉಕ್ಕಿನ ಹಗ್ಗ ಹರಿದು ಲಿಫ್ಟಿನೊಳಗೇ ತೀರಿಹೋದರು. ‘ಗಮನವಿಲ್ಲದೆ ಕೆಲಸ ಮಾಡಿ ಸಾವು ತಂದುಕೊಂಡ’ ಎಂದರು ಇಲಾಖೆಯವರು. ಮಲಗುವ ಮುನ್ನ ಬಾಗಿಲ ಚಿಲಕವನ್ನು ಎರಡೆರಡು ಸಲ ಮುಟ್ಟಿ ನೋಡುತ್ತಿದ್ದ ಮನುಷ್ಯ ಅವರು! ತನಿಖೆ ವರ್ಷಗಟ್ಟಲೆ ಕುಂಟಿತು. ಆ ಮಾತೊಂದು ಅಳಿಸಿಹೋದರೆ ಸಾಕೆಂದು ನಾನು ಕೋರ್ಟಿಗೆ ಹೋದೆ. ನ್ಯಾಯಾಧೀಶರು ತನಿಖಾಧಿಕಾರಿಯನ್ನು ತಿಂಗಳು ತಿಂಗಳು ಕರೆಸತೊಡಗಿದರು.

‘ಹಗ್ಗದ ಪರೀಕ್ಷೆ ಆಗ್ಬೇಕು ಸ್ವಾಮಿ.’

‘ಆಮೇಲೆ?’

‘ವರದಿ ಬಂದಿಲ್ಲ.’

‘ಆಮೇಲೆ?’

‘ಕಾಯ್ತಾ ಇದ್ದೀವಿ.’

‘ನನಗಲ್ಲ. ಆಯಮ್ಮನ ಕಡೆ ತಿರುಗಿ ಹೇಳಿ.’

ಆ ದಪ್ಪ ಅಧಿಕಾರಿ ತಿರುಗಿ, ನನ್ನ ಚಪ್ಪಲಿ ನೋಡುತ್ತಾ, ‘ಕಾಯ್ತಾ ಇದ್ದೀವಮ್ಮ’ ಎಂದರು. ಸರ್ಕಾರ ನನ್ನ ಜೊತೆ ಮಾತಾಡಿದ್ದು ಅದೇ ಮೊದಲು.

ಮುಂದೊಂದು ಸಲ ಅದೇ ಅಧಿಕಾರಿ ವರಾಂಡದಲ್ಲಿ ಸಿಕ್ಕಿ ಪಿಸುಗುಟ್ಟಿದರು: ‘ಇವತ್ತು ಏನು ಹೇಳ್ಲಮ್ಮ? ನೀವೇ ಒಂದು ಹೇಳ್ಕೊಡಿ.’

‘ನಿಜ ಹೇಳಿ. ಬಾಯಿಪಾಠ ಮಾಡೋ ಕಷ್ಟ ತಪ್ಪುತ್ತೆ’ ಅಂದೆ.

‘ಅತ್ತಿಗೆ, ಕೋರ್ಟೇ ತವರುಮನೆ ಆಯ್ತಲ್ಲ ನಿಮಗೆ’ ಎಂದು ನಾದಿನಿ ಚುಚ್ಚುತ್ತಿದ್ದಳು. ಸುಳ್ಳೇನಲ್ಲ, ನನಗಾಗಿ ಯಾರೋ ಕೇಳುತ್ತಿದ್ದ ಜಾಗ ಅದೊಂದೇ. ಕೇಳುತ್ತಿದ್ದವರಿಗೂ ಯಾರಿದ್ದರೋ. ಮಧ್ಯಾಹ್ನದ ಬಿಡುವಿನಲ್ಲಿ ಅರೆತೆರೆದ ಬಾಗಿಲಿನಿಂದ ಕಾಣುತ್ತಿದ್ದರು: ಗೌನು ಕುರ್ಚಿಗೆ ಹಾಕಿ, ಗೋಡೆಗೆ ಮುಖ ಮಾಡಿ, ಡಬ್ಬಿ ಬಿಚ್ಚಿ ಒಬ್ಬರೇ ಉಣ್ಣುತ್ತಿದ್ದರು.

ಒಂದು ದಿನ ಅಧಿಕಾರಿ ತಾವಾಗಿಯೇ ನನ್ನ ಕಡೆ ತಿರುಗಿದರು. ಚಪ್ಪಲಿ ನೋಡಲಿಲ್ಲ, ಮುಖ ನೋಡಿದರು. ‘ಹಗ್ಗ ನಮ್ಮ ಉಗ್ರಾಣದಲ್ಲೇ ಬಿದ್ದಿದೆಯಮ್ಮ. ಪರೀಕ್ಷೆಗೆ ಕಳಿಸೇ ಇಲ್ಲ.’

ಆ ದಿನ ನ್ಯಾಯಾಧೀಶರು ‘ಆಮೇಲೆ’ ಎನ್ನಲಿಲ್ಲ. ‘ಇವತ್ತೇ ಕಳಿಸಿ’ ಎಂದರು, ಅಷ್ಟೇ ಮೆಲ್ಲಗೆ.

ಹಗ್ಗ ಒಳಗೊಳಗೇ ತುಕ್ಕು ತಿಂದಿತ್ತು, ಸತ್ತವನದು ತಪ್ಪಿಲ್ಲ ಎಂದು ವರದಿ ಬರುವ ಹೊತ್ತಿಗೆ ನ್ಯಾಯಾಧೀಶರು ನಿವೃತ್ತರಾಗಿದ್ದರು. ಆಮೇಲೊಮ್ಮೆ ಉದ್ಯಾನದ ಬೆಂಚಿನಲ್ಲಿ ಕಂಡರು. ಗೌನಿಲ್ಲದ ಭುಜ ಕಿರಿದಾಗಿ ಕಾಣುತ್ತಿತ್ತು. ನನ್ನ ಗುರುತು ಹಿಡಿದು ಎದ್ದು ನಿಂತರು. ವರದಿಯ ವಿಷಯ ಹೇಳಿದೆ.

‘ಆಮೇಲೆ?’

‘ಆಮೇಲೇನಿದೆ ಸ್ವಾಮಿ. ಮನೆಗೆ ಹೋದೆ. ಹೇಳೋಕೆ ಯಾರೂ ಇರಲಿಲ್ಲ. ಊಟ ಮಾಡಿ ಮಲಗಿದೆ.’

ಇಲ್ಲದ ಗೌನನ್ನು ಎಳೆದುಕೊಳ್ಳಲು ಅವರ ಕೈ ಭುಜಕ್ಕೆ ಹೋಗಿ ಸುಮ್ಮನೆ ಇಳಿಯಿತು. ಬೆಂಚಿನಲ್ಲಿ ಸ್ವಲ್ಪ ಸರಿದು ಜಾಗ ಕೊಟ್ಟರು.

ಇಂಥವರು ಹೋದವರನ್ನು ತಂದುಕೊಡಲಾರರು. ನಮ್ಮ ಕಥೆ ನಡುದಾರಿಯಲ್ಲಿ ನಿಲ್ಲದಂತೆ ಕೊನೆ ಮುಟ್ಟುವ ತನಕ ಬೆನ್ನು ಹತ್ತುತ್ತಾರೆ. ಮುಟ್ಟಿದ ಮೇಲೆ, ನಮ್ಮಷ್ಟೇ ಬರಿಗೈಯಲ್ಲಿ, ಬೆಂಚಿನ ಇನ್ನೊಂದು ತುದಿಯಲ್ಲಿ ಕೂತಿರುತ್ತಾರೆ.