ಹೆಪ್ಪು ಕೇಳಲು ಬಂದವಳು

ಕೊಡಗಳಲ್ಲಿದ್ದ ನೀರನ್ನೆಲ್ಲ ಹಿತ್ತಲಿಗೆ ಸುರಿದು, ಹಂಡೆಯನ್ನು ಬೋರಲು ಹಾಕಿ, ಪಕ್ಕದ ಮನೆಯ ರಂಗಕ್ಕ ಅಡುಗೆಮನೆಗೆ ಬಂದಳು. ಸಾವಾದ ಮನೆಯಲ್ಲಿ ಹಿಂದಿನ ದಿನದ ನೀರು, ಅನ್ನ, ಹಾಲು, ಮೊಸರು ಯಾವುದನ್ನೂ ಇಟ್ಟುಕೊಳ್ಳುವಂತಿಲ್ಲ. ಸಾರಿನ ಪಾತ್ರೆ ಚೆಲ್ಲಿದ್ದಾಯಿತು, ಮುದ್ದೆಯ ಬುಟ್ಟಿ ಬರಿದು ಮಾಡಿದ್ದಾಯಿತು. ನೆಲುವಿನಿಂದ ಮೊಸರಿನ ಗಡಿಗೆ ಇಳಿಸಿದವಳು ಮಾತ್ರ ಅದನ್ನು ಎದೆಗವಚಿಕೊಂಡು ಅಲ್ಲೇ ನಿಂತುಬಿಟ್ಟಳು.

ಪಡಸಾಲೆಯಲ್ಲಿ ಗಂಡ ಬೋರಪ್ಪನ ಹೆಣದ ಪಕ್ಕ ಕೂತಿದ್ದ ಏಕಾಂತಮ್ಮನಿಗೆ ಅದು ಕಾಣಿಸುತ್ತಿತ್ತು. ಮೊಸರಿನ ವಿಷಯದಲ್ಲಿ ಈ ರಂಗಕ್ಕ ಎಂದೂ ನೆಟ್ಟಗಿದ್ದವಳಲ್ಲ. ಮನೆಯಲ್ಲಿ ಎರಡು ಎಮ್ಮೆ ಕಟ್ಟಿಕೊಂಡೂ ಹೆಪ್ಪಿಗೆ ಗತಿಯಿಲ್ಲದ ಹೆಂಗಸು ಆದಿವಾಲ ಊರಿಗೆಲ್ಲ ಅವಳೊಬ್ಬಳೇ.

ಏಕಾಂತಮ್ಮನ ಸಂಕಟವೇ ಬೇರೆ ಇತ್ತು. ಬೆಳಗಿನಿಂದ ಅವಳ ಕಣ್ಣಿಂದ ಒಂದು ಹನಿ ಉದುರಿರಲಿಲ್ಲ. ಗಂಡನ ಅಕ್ಕ ನಿಂಗಕ್ಕ ಹರಿಯಬ್ಬೆಯಿಂದ ಬಂದು ಬಸ್ಸಿಳಿದ ಜಾಗದಿಂದಲೇ ರಾಗ ತೆಗೆದಿದ್ದಳು. ತಮ್ಮನ ಗುಣವನ್ನೆಲ್ಲ ಹೇಳಿಕೊಂಡು ಅತ್ತು, ಗಂಟಲು ಕಟ್ಟಿ, ಒಂದು ಎಲೆಯಡಿಕೆ ಹಾಕಿಕೊಂಡು ಸುಧಾರಿಸಿ, ಮತ್ತೆ ಶುರು ಮಾಡಿದ್ದಳು. ಈಗ ಏಕಾಂತಮ್ಮನ ಪಕ್ಕಕ್ಕೆ ಜರುಗಿ ಕೂತಳು.

"ನೀನೂ ಏನಾರ ಹೇಳ್ಕಂಡು ಅತ್ತುಬಿಡವ್ವ. ಎದೇಲಿ ಇಟ್ಕಂಡ್ರೆ ಒಳ್ಳೇದಲ್ಲ. ಜನಾನೂ ನೋಡ್ತಾರೆ."

"ಏನಂತ ಹೇಳ್ಕಳ್ಳಲಕ್ಕ?"

"ಅವನು ಆಡಿದ ಮಾತು ಹೇಳು. ಇಷ್ಟು ವರ್ಷ ಬಾಳ್ವೆ ಮಾಡಿಲ್ವ?"

ತೊಡಕು ಇದ್ದದ್ದೇ ಅಲ್ಲಿ. ಆಡಿದ ಮಾತು ಎಲ್ಲಿತ್ತು? ಬೋರಪ್ಪ ಮಾರಿಕಣಿವೆ ನಾಲೆಯ ನೀರುಗಂಟಿ. ತೂಬು ಎತ್ತಿ ತೂಬು ಇಳಿಸಿ, ನಿನಗೆ ಹೆಚ್ಚು ನನಗೆ ಕಡಿಮೆ ಎಂದು ಕಿತ್ತಾಡುವ ರೈತರ ನಡುವೆ ಬಾಯಿ ಹೊಲಿದುಕೊಂಡೇ ನೌಕರಿ ಮುಗಿಸಿದವನು. ಕುಡಿಯಲಿಲ್ಲ, ಕೈ ಎತ್ತಲಿಲ್ಲ, ಸಂಬಳ ತಂದು ಹೆಂಡತಿಯ ಕೈಗೇ ಕೊಟ್ಟ. ಅದೆಲ್ಲ ಸರಿ. ಆದರೆ ಅವಳು ಅತ್ತಾಗ ಒಮ್ಮೆಯೂ ಪಕ್ಕದಲ್ಲಿ ಕೂರಲಿಲ್ಲ. ಅವಳ ಕಣ್ಣಲ್ಲಿ ನೀರು ಕಂಡರೆ ಸಾಕು, ಎಕ್ಕಡ ಮೆಟ್ಟಿಕೊಂಡು ಹೊರಟುಬಿಡುತ್ತಿದ್ದ. ಆ ಮುನಿಸು ಇವತ್ತಿಗೂ ಅವಳ ಎದೆಯಲ್ಲಿ ಹಾಗೇ ಕೂತಿತ್ತು. ಅದನ್ನು ಇಟ್ಟುಕೊಂಡು ಅವನನ್ನು ಮಣ್ಣಿಗೆ ಕಳಿಸುವುದು ಹೇಗೆಂದೇ ಅವಳಿಗೆ ತಿಳಿಯಲಿಲ್ಲ. ಜನ ಏನಂದಾರು ಎಂಬುದು ಆಮೇಲಿನ ಮಾತು.

*

ಮೊದಲ ಸಲ ಹಾಗಾದದ್ದು ಮಗ ಹನುಮೇಶನ ತಂಗಿ ಬೃಂದಾ ತೀರಿಕೊಂಡ ವರ್ಷ. ಇನ್ನೂ ಶಾಲೆಗೆ ಸೇರದ ಮಗು, ಜ್ವರ ಬಂದದ್ದೇ ನೆಪ. ಬಂದ ನೆಂಟರೆಲ್ಲ ಊರು ಸೇರಿದ ಮೇಲೆ ಒಂದು ಮುಸ್ಸಂಜೆ ಮಗುವಿನ ಲಂಗ ಕೈಗೆ ಸಿಕ್ಕಿ ಏಕಾಂತಮ್ಮ ಒಲೆಯ ಮುಂದೆ ಕುಸಿದು ಕೂತಳು. ಬೋರಪ್ಪ ಬಾಗಿಲಲ್ಲಿ ನಿಂತು ಬಾಯಿ ತೆರೆದ. ಏನೋ ಹೇಳುತ್ತಾನೆಂದು ಅವಳು ಮುಖ ಎತ್ತಿದಳು. ಅವನು ಬಾಯಿ ಮುಚ್ಚಿ ಎಕ್ಕಡ ಹುಡುಕಿದ.

"ಇಲ್ಲೇ ಹೋಗ್ಬರ್ತೀನಿ."

"ಹೋಗ್ರಿ, ಹೋಗ್ರಿ. ನಿಮ್ಗೆ ಆ ನಾಲೆನೇ ಹೆಂಡ್ತಿ, ನಾಲೆನೇ ಮಕ್ಳು."

ಅವನು ಹೋದ ಸ್ವಲ್ಪ ಹೊತ್ತಿಗೆ ರಂಗಕ್ಕ ಬಂದಳು. ಕೈಯಲ್ಲೊಂದು ಬಟ್ಟಲು.

"ಅತ್ಗೆ, ಒಂಚೂರು ಹೆಪ್ಪು ಇದ್ರೆ ಕೊಡ್ರಿ."

"ದೀಪ ಹಚ್ಚಿದ ಮ್ಯಾಲೆ ಯಾರಾದ್ರೂ ಹೆಪ್ಪು ಕೊಡ್ತಾರೇನೆ? ಯಾವೂರವಳು ನೀನು?"

"ಹೌದಲ್ಲ, ಮರ್ತೇಬಿಟ್ಟೆ."

ಬಟ್ಟಲನ್ನು ಪಕ್ಕಕ್ಕಿಟ್ಟು ಕೂತವಳು ಏಳಲೇ ಇಲ್ಲ. ಒಲೆ ಉರಿ ಮಾಡಿದಳು, ಮುದ್ದೆಗೆ ಎಸರಿಟ್ಟಳು, ಲಂಗವನ್ನು ತಾನೇ ಮಡಿಚಿಟ್ಟಳು. ಬೃಂದಾ ತನ್ನ ಎಮ್ಮೆಗೆ ಹೆದರಿ ಓಡುತ್ತಿದ್ದ ಕತೆ ಹೇಳಿ ತಾನೂ ಅತ್ತಳು. ಏಕಾಂತಮ್ಮ ಎರಡು ತುತ್ತು ಉಂಡ ಮೇಲೆ ಖಾಲಿ ಬಟ್ಟಲು ಹಿಡಿದು ಹೋದಳು.

ಏಕಾಂತಮ್ಮನ ತಾಯಿ ಸತ್ತಾಗಲೂ ಹಾಗೇ ಆಯಿತು. ಹನುಮೇಶ ಹತ್ತನೇ ತರಗತಿ ಫೇಲಾಗಿ, ಹೇಳದೆ ಕೇಳದೆ ಹೊಳಲ್ಕೆರೆ ಕಡೆ ಹೋದಾಗಲೂ ಬೋರಪ್ಪ ಎಕ್ಕಡ ಮೆಟ್ಟಿಕೊಂಡು ಹೊರಟ. ದೀಪ ಹಚ್ಚಿದ ಮೇಲೆ ಹೆಪ್ಪು ಕೇಳುವ ರಂಗಕ್ಕನ ಚಾಳಿಯೂ ಬಿಡಲಿಲ್ಲ.

*

ಏಕಾಂತಮ್ಮ ಎದ್ದು ಅಡುಗೆಮನೆಗೇ ಬಂದಳು. "ಏನೇ ಅದು, ಚೆಲ್ಲಬಾರ್ದಾ?"

"ಕೈ ಏಳ್ತಿಲ್ಲ ಅತ್ಗೆ." ರಂಗಕ್ಕನ ಕಣ್ಣು ಮೂಗು ಎಲ್ಲ ನೀರಾಗಿತ್ತು.

"ಮೊಸರಿಗೆ ಯಾಕೆ ಅಳ್ತೀಯ? ನಿಮ್ಮನೇಲಿ ಎರಡು ಎಮ್ಮೆ ಅವೆ."

"ಎರಡು ಎಮ್ಮೆ ಇರೋಳಿಗೆ ಹೆಪ್ಪು ಯಾಕೆ ಬೇಕು ಅಂತ ನೀವು ಒಂದ್ಸಲಾನೂ ಕೇಳ್ಲಿಲ್ಲ."

ಏಕಾಂತಮ್ಮ ಗಡಿಗೆ ಇಸಿದುಕೊಳ್ಳಲು ಕೈ ಚಾಚಿದಳು. ರಂಗಕ್ಕ ಬಿಡಲಿಲ್ಲ.

"ಅಣ್ಣ ಬಂದು ನಮ್ಮ ಬಾಗಿಲಾಗೆ ನಿಲ್ತಿದ್ದ. 'ತಂಗ್ಯಮ್ಮ, ನಿಮ್ಮತ್ಗೆ ಅಳ್ತಾ ಕುಂತಾಳೆ. ನಂಗೆ ಮಾತು ಬರಲ್ಲ, ಹೋದ್ರೆ ಇನ್ನೂ ಅಳಿಸ್ತೀನಿ. ಏನಾರ ನೆವ ಮಾಡ್ಕಂಡು ಹೋಗಿ ಒಂದೀಟು ಕುಂತಿದ್ದು ಬಾ' ಅನ್ನೋನು. ಮೊದಲ್ನೇ ಸಲ ಏನು ಕೇಳ್ಬೇಕು ತೋಚ್ಲಿಲ್ಲ, ಬಟ್ಟಲು ತಗಂಡು ಬಂದೆ. ದೀಪ ಹಚ್ಚಿದ ಮ್ಯಾಲೆ ಕೊಡಲ್ಲ ಅಂದ್ರಿ. ಕೊಟ್ಬಿಟ್ರೆ ಎದ್ದು ಹೋಗ್ಬೇಕಲ್ಲ. ಇದೇ ಚಲೋ ಅಂತ ಆಮ್ಯಾಲೂ ಅದನ್ನೇ ಕೇಳ್ದೆ."

"ಅವರು ಎಲ್ಲಿರ್ತಿದ್ರು ಆಗ?"

"ಎಲ್ಲಿಗೆ ಹೋಗ್ತಾನೆ? ನಮ್ಮ ಕೊಟ್ಟಿಗೇಲಿ ಎಮ್ಮೆಗೆ ಹುಲ್ಲು ಹಾಕ್ತಾ ಕುಂತಿರೋನು. ನಾನು ಬಂದೇಟ್ಗೆ 'ಉಂಡ್ಳಾ?' ಅನ್ನೋನು. ಉಂಡ್ರು ಅಂದ್ರೆ ಎದ್ದು ಬರೋನು. ನಿಮ್ಗೆ ಹೇಳ್ಬಾರ್ದು ಅಂತ ಆಣೆ ಹಾಕಿಸ್ಕಂಡಿದ್ದ."

ಏಕಾಂತಮ್ಮ ಹಿತ್ತಲ ಬಾಗಿಲಿನತ್ತ ತಿರುಗಿದಳು. ಹಾಗಾದರೆ ಅವನು ನಾಲೆಗೆ ಹೋಗಿರಲಿಲ್ಲ. ಹಿತ್ತಲ ಗೋಡೆಯಾಚೆ ಎಮ್ಮೆಗಳ ಜೊತೆ ಕೂತು, ಅವಳು ಉಣ್ಣುವುದನ್ನು ಕಾಯುತ್ತಿದ್ದ. ಎದೆಯ ಮೇಲಿಂದ ಬೀಸುವ ಕಲ್ಲು ಕೆಳಗಿಳಿಸಿದಷ್ಟು ಹಗುರಾಯಿತು ಅವಳಿಗೆ. ನಗುವೂ ಬಂತು, ಅಳುವೂ ಬಂತು. ಪಡಸಾಲೆಗೆ ಹೋಗಿ ಅವನ ಪಾದ ಹಿಡಿದುಕೊಂಡಳು.

"ಅಯ್ಯೋ ನನ್ನ ರಾಯ, ಗೋಡೆ ಮಗ್ಗುಲಾಗೇ ಇದ್ಯಲ್ಲೋ. ನಾಲೆ ತಂಕ ಕೇಳಂಗೆ ಬೈದ್ನಲ್ಲೋ. ಉಂಡೆ ಕಣೋ, ನೀನು ಆಕೇನ ಕಳಿಸಿದಾಗೆಲ್ಲ ಉಂಡೆ."

ಎಮ್ಮೆ, ಹೆಪ್ಪು, ಬಟ್ಟಲು ಎಂದೆಲ್ಲ ಬಂದ ಆ ಅಳುವಿನ ತಲೆಬುಡ ಕೂತವರಿಗೆ ಹತ್ತಲಿಲ್ಲ. "ಇವರು ಎಮ್ಮೆ ಯಾವಾಗ ಕಟ್ಟಿದ್ರು?" ಎಂದು ಪಕ್ಕದವಳನ್ನು ಕೇಳಿ, ಉತ್ತರಕ್ಕೂ ಕಾಯದೆ ನಿಂಗಕ್ಕ ತಾನೂ ದನಿಗೂಡಿಸಿದಳು.

*

ಹೊತ್ತಿಳಿಯುವುದರೊಳಗೆ ಮಣ್ಣು ಮಾಡಿ ಬಂದರು. ಬಂದವರು ಒಬ್ಬೊಬ್ಬರೇ ಹೊರಟು ಮನೆ ಖಾಲಿಯಾಯಿತು. ಹೆಣ ಮಲಗಿಸಿದ್ದ ಜಾಗದಲ್ಲಿ ದೀಪ ಹಚ್ಚಿಟ್ಟಿದ್ದರು.

ಹನುಮೇಶ ಈಗ ಹೊಸದುರ್ಗದಲ್ಲಿ ಲೈನ್‌ಮನ್. ಬೆಳಗ್ಗೆ ಅಂಗಡಿಯ ಕಾಯಿನ್ ಬೂತಿನಿಂದ ಫೋನ್ ಹೋದಮೇಲೆ ಹೆಂಡತಿ ಅನುಪಮಾಳನ್ನು ಕರೆದುಕೊಂಡು ಬಂದಿದ್ದ. ಅನುಪಮಾ ಒಗೆಯುವ ಕಲ್ಲಿನ ಮೇಲೆ ಕೂತು, ಮಾವನ ಟವೆಲ್ಲು ಮುಖಕ್ಕೊತ್ತಿಕೊಂಡು ಅಳುತ್ತಿದ್ದಳು. ಅವಳಿಗೆ ತಂದೆಯಿರಲಿಲ್ಲ. ಊರಿಗೆ ಬಂದಾಗಲೆಲ್ಲ ಬಸ್ಸಿನ ಹತ್ತಿರಕ್ಕೇ ಬಂದು ಬ್ಯಾಗು ಇಸಿದುಕೊಳ್ಳುತ್ತಿದ್ದವನು ಮಾವ. ಹನುಮೇಶ ಹಿತ್ತಲ ಬಾಗಿಲಲ್ಲಿ ನಿಂತು ಅವಳನ್ನೇ ನೋಡಿದ. ಬಾಯಿ ತೆರೆದ. ಮುಚ್ಚಿದ. ಚಪ್ಪಲಿ ಮೆಟ್ಟಿದ.

"ಎಲ್ಲಿಗಪ್ಪ?" ಎಂದಳು ಏಕಾಂತಮ್ಮ.

"ಇಲ್ಲೇ ಹೋಗ್ಬರ್ತೀನವ್ವ."

ಸ್ವಲ್ಪ ಹೊತ್ತಿಗೆ ರಂಗಕ್ಕ ಬಟ್ಟಲು ಹಿಡಿದು ಬಂದಳು. ಏಕಾಂತಮ್ಮನ ಕಡೆ ತಿರುಗಿಯೂ ನೋಡದೆ ಸೀದಾ ಒಗೆಯುವ ಕಲ್ಲಿಗೆ ಹೋದಳು.

"ಅನುಪಮಾ, ಒಂಚೂರು ಹೆಪ್ಪು ಇದ್ರೆ ಕೊಡವ್ವ."

ಅನುಪಮಾ ಬೆರಗಾಗಿ ತಲೆ ಎತ್ತಿದಳು. ಸೂತಕದ ಮನೆಯಿಂದ ಯಾರಾದರೂ ಏನಾದರೂ ಒಯ್ಯುತ್ತಾರೆಯೇ? "ಮೊಸರು ಎಲ್ಲೈತೆ ಅತ್ತೆ? ನೀವೇ ಚೆಲ್ಲಿದ್ರಲ್ಲ."

"ಹೌದಲ್ಲ, ಮರ್ತೇಬಿಟ್ಟೆ," ಎಂದು ರಂಗಕ್ಕ ಬಟ್ಟಲನ್ನು ಕಲ್ಲಿನ ಮೇಲಿಟ್ಟು ಅವಳ ಪಕ್ಕ ಕೂತಳು.

ಏಕಾಂತಮ್ಮ ಸೆರಗು ಬಾಯಿಗೊತ್ತಿಕೊಂಡು ನಕ್ಕಳು. ಆಮೇಲೆ ಎದ್ದು ಹಿತ್ತಲ ಗೋಡೆಯ ಹತ್ತಿರ ಹೋಗಿ ಆಚೆ ಬಗ್ಗಿ ನೋಡಿದಳು. ಕೊಟ್ಟಿಗೆಯ ಮಬ್ಬಿನಲ್ಲಿ ಹನುಮೇಶ ಎಮ್ಮೆಯ ಮುಂದೆ ಹುಲ್ಲು ಹಿಡಿದು ಕೂತಿದ್ದ.

"ಎಮ್ಮೆ ತಿಂದಿದ್ದು ಸಾಕು, ಬಾರಪ್ಪ," ಎಂದಳು. "ಮಾತಾಡ್ಬೇಡ. ಬಂದು ಕುಂತ್ಕ, ಸಾಕು."

ಅವನು ಬಂದು ಕಲ್ಲಿನ ಇನ್ನೊಂದು ತುದಿಗೆ ಕೂತ. ಕೈಗಳನ್ನು ಏನು ಮಾಡಬೇಕೆಂದು ತಿಳಿಯದೆ, ಹೆಂಡತಿಗೂ ತನಗೂ ನಡುವೆ ಇದ್ದ ಖಾಲಿ ಬಟ್ಟಲನ್ನು ಎತ್ತಿ ತೊಡೆಯ ಮೇಲೆ ಇಟ್ಟುಕೊಂಡು, ಅವಳ ಕಡೆ ಜರುಗಿದ.