ಇಸ್ಮೀನಿಯ ಕಪ್ಪು ಕೂದಲು

ನಾನು ಒಂದು ಟೋಪನ್, ಬೋಳು ತಲೆಗೆ ತೊಡಿಸುವ ಕೂದಲ ಟೋಪಿ. ಗ್ರೀಸ್ ದೇಶದ ಪಿರೇಯಸ್ ಬಂದರಿನಲ್ಲಿ, ಅನೆಸ್ತಿಸ್ ಎಂಬ ಮುದುಕನ ಅಂಗಡಿಯಲ್ಲಿ ಹುಟ್ಟಿದೆ. ಯಾರೋ ಹೆಂಗಸು ಮಾರಿಹೋದ ಉದ್ದನೆಯ ಕಪ್ಪು ಕೂದಲನ್ನು ಅವನು ತೆಳುವಾದ ಬಲೆಗೆ ಒಂದೊಂದೇ ಎಳೆಯಾಗಿ ಕಟ್ಟಿದ. ಎಳೆ ಜಗ್ಗಿದಾಗಲೆಲ್ಲ ಎಲ್ಲಿ ಕಿತ್ತುಹೋಗುತ್ತೇನೋ ಎಂದು ನಡುಗುತ್ತಿದ್ದೆ. ಹೆದರಿಕೆ ನನಗೆ ಹುಟ್ಟಿನಿಂದಲೇ ಬಂದದ್ದು.

ಥೆಕ್ಲಾ ಎಂಬಾಕೆ ತನ್ನ ತಂಗಿ ಇಸ್ಮೀನಿಗಾಗಿ ನನ್ನನ್ನು ಕೊಂಡಳು. ಯುದ್ಧಕಾಲದ ಹಸಿವಿನಲ್ಲಿ ಬಂದ ವಿಷಮಜ್ವರ ಇಸ್ಮೀನಿಯ ಜೀವ ಉಳಿಸಿ ಕೂದಲು ಒಯ್ದಿತ್ತು. ಅದು ಮತ್ತೆ ಬೆಳೆಯಲಿಲ್ಲ. ಸಿನಿಮಾದಲ್ಲಿ ನಟಿಸುವ ಆಸೆ ಮಾತ್ರ ಹೋಗಿರಲಿಲ್ಲ. ಅಕ್ಕ ಅಂಟು ಹಚ್ಚಿ ನನ್ನನ್ನು ಕೂರಿಸಿದಾಗ ಅವಳು ಕನ್ನಡಿ ನೋಡಿ ಅತ್ತಳು.

"ಯಾರಿಗೂ ಗೊತ್ತಾಗಬಾರ್ದು ಅಕ್ಕ," ಅಂದಳು.

ಮೊದಲ ಚಿತ್ರದಲ್ಲೇ ಹೆಸರಾದಳು. ಅಥೆನ್ಸಿನ ಹುಡುಗಿಯರು ನನ್ನ ಹಾಗೇ ಕೂದಲು ಇಳಿಬಿಡತೊಡಗಿದರು. ಜನ ಹೊಗಳಿದಷ್ಟೂ ನಮ್ಮಿಬ್ಬರ ದಿಗಿಲು ಹೆಚ್ಚಿತು. ಹಡಗಿನ ಮೇಲೆ ಚಿತ್ರೀಕರಣವಿದ್ದರೆ ಗಾಳಿಯ ಭಯ, ನಾಯಕ ತಬ್ಬಿಕೊಂಡರೆ ಅವನ ಬೆರಳುಗಳ ಭಯ. ಅವಳ ನೆತ್ತಿ ತಣ್ಣಗೆ ಬೆವರುವುದು ನನಗೆ ಮಾತ್ರ ಗೊತ್ತಾಗುತ್ತಿತ್ತು. ಮದುವೆಯಾಗುತ್ತೇನೆಂದು ಬಂದ ಒಳ್ಳೆಯವನೊಬ್ಬನನ್ನೂ ಈ ಹೆದರಿಕೆಯಿಂದಲೇ ಬೇಡವೆಂದಳು.

ಆಮೇಲೆ ಸೆರೆಯಾಳಿನ ಪಾತ್ರವೊಂದು ಬಂತು. ಸೈನಿಕ ಅವಳ ಕೂದಲು ಕತ್ತರಿಸುವ ದೃಶ್ಯಕ್ಕೆ, ಕತ್ತರಿಸಲೆಂದೇ ಬೇರೊಂದು ಟೋಪನ್ ತರಿಸುತ್ತಾರೆಂದು ಅವಳು ನಂಬಿದ್ದಳು. ಆದರೆ ಅಂದು ಬೆಳಿಗ್ಗೆ ನಿರ್ದೇಶಕ ಬಂದು, "ನಿಜವಾಗ್ಲೂ ಕತ್ತರಿಸೋಣ. ನಿಮ್ಮ ಕೂದಲು ಅಂದ್ರೆ ಊರಿಗೆಲ್ಲ ಗೊತ್ತು, ಜನ ಅತ್ತುಬಿಡ್ತಾರೆ," ಅಂದ.

ಬುಡದವರೆಗೆ ಕತ್ತರಿಸಿದರೆ ಕೆಳಗಿನ ಬಲೆ ಎಲ್ಲರಿಗೂ ಕಾಣುತ್ತಿತ್ತು. ಥೆಕ್ಲಾ ಅವಳನ್ನು ಪಕ್ಕಕ್ಕೆ ಎಳೆದಳು. "ಜ್ವರ ಅಂತ ಹೇಳಿ ಹೋಗಿಬಿಡೋಣ, ಬಾ."

"ನಾಳೆ ಏನು ಹೇಳೋದು?" ಎಂದು ಇಸ್ಮೀನಿ ಕೇಳಿದಳು. ಹೋಗಿ ಕ್ಯಾಮೆರಾದ ಮುಂದೆ ಕೂತಳು.

ಕ್ಯಾಮೆರಾ ಓಡತೊಡಗಿತು. ಸೈನಿಕನ ವೇಷದವನು ಕತ್ತರಿ ಹಿಡಿದು ಹತ್ತಿರ ಬಂದ. ಇಷ್ಟಕ್ಕೆ ನನ್ನ ಬಾಳು ಮುಗಿಯಿತೆಂದುಕೊಂಡೆ. ಅಷ್ಟರಲ್ಲಿ ಇಸ್ಮೀನಿಯ ಕೈಯೇ ಮೇಲೆ ಬಂತು. ಚರ್ಮದಿಂದ ಅಂಟು ಕಿತ್ತ ಸದ್ದು ನನಗೆ ಕೇಳಿಸಿತು. ನಾನು ಅವಳ ಮಡಿಲಿಗೆ ಬಿದ್ದೆ. ಕತ್ತರಿ ಹಿಡಿದವನು ಏನೂ ತೋಚದೆ ಎರಡು ಹೆಜ್ಜೆ ಹಿಂದೆ ಸರಿದ. ಅವಳು ಬೋಳು ತಲೆ ಎತ್ತಿ ಕ್ಯಾಮೆರಾವನ್ನೇ ನೋಡಿದಳು. ಗಲ್ಲ ಅದುರುತ್ತಿತ್ತು. ಕಣ್ಣು ಮಾತ್ರ ತಗ್ಗಲಿಲ್ಲ.

ನಿರ್ದೇಶಕ ಆ ದೃಶ್ಯವನ್ನು ಹಾಗೆಯೇ ಇಟ್ಟುಕೊಂಡ. ಕೆಲವರು ನಕ್ಕರು, ಕೆಲವರು ಮೋಸಗಾರ್ತಿ ಎಂದರು. ನಾಯಕಿಯ ಪಾತ್ರಗಳು ನಿಂತುಹೋದವು. ತಾಯಂದಿರ, ವಿಧವೆಯರ, ಹುಚ್ಚಿಯರ ಪಾತ್ರಗಳು ಬಂದವು. ಬರಿದಲೆಯಲ್ಲೇ ಅವಳು ಮುದುಕಿಯಾಗುವವರೆಗೆ ನಟಿಸಿದಳು. ನನ್ನನ್ನು ಎಸೆಯಲಿಲ್ಲ, ಮತ್ತೆ ತೊಡಲೂ ಇಲ್ಲ.

ಹೋದ ವಸಂತದಲ್ಲಿ ಇಸ್ಮೀನಿ ತೀರಿಕೊಂಡಳು. ಈಗ ನಾನು ಥೆಕ್ಲಾಳ ಬೀರುವಿನಲ್ಲಿದ್ದೇನೆ. ಅವಳಿಗೆ ಮರೆವು. ದಿನಾ ಸಂಜೆ ನನ್ನನ್ನು ತೊಡೆಯ ಮೇಲಿಟ್ಟು ಬಾಚುತ್ತಾಳೆ. "ಸುಮ್ನೆ ಕೂತ್ಕೊ, ಇನ್ನೇನು ಮುಗೀತು," ಅನ್ನುತ್ತಾಳೆ. ಆಮೇಲೆ ಕೆಳಗೆ ಮುಖವಿಲ್ಲದ್ದು ಕಂಡು ಅವಳ ಕೈ ನಿಂತುಬಿಡುತ್ತದೆ. ಅವಳು ಬೆದರಿ ಸುತ್ತ ನೋಡುತ್ತಾಳೆ. ಇನ್ನೊಬ್ಬರ ತಲೆ ಮುಚ್ಚುವುದಷ್ಟೇ ಬಲ್ಲ ನಾನು ಅವಳಿಗೆ ಏನು ಹೇಳಲಿ?